ಮುಟ್ಟಿದ್ದು ರುಚಿಯಾಗುವುದು ಎಲ್ಲಿ?

ದಾವಣಗೆರೆಯಲ್ಲಿ ಬೆಣ್ಣೆ ದೋಸೆಯ ಪ್ರಸ್ತಾಪ ಬಂದರೆ ಎರಡು ಮಾತು ತಪ್ಪದೆ ಕೇಳಿಬರುತ್ತವೆ. ಒಂದು, ದೋಸೆಯನ್ನು ಕೈಯಲ್ಲೇ ಮುರಿದು ತಿನ್ನಬೇಕು, ಚಮಚ ಹಿಡಿದರೆ ರುಚಿ ಕೆಟ್ಟಿತು, ಯಾಕೆಂದರೆ ರುಚಿ ಮೊದಲು ತಿಳಿಯುವುದು ಬೆರಳಿಗೆ. ಇನ್ನೊಂದು, ಅದೇ ಅಕ್ಕಿ, ಅದೇ ಉದ್ದು, ಅದೇ ಮಂಡಕ್ಕಿ ಹಾಕಿ ರುಬ್ಬಿ ಅದೇ ಕಟ್ಟಿಗೆ ಒಲೆಯ ಮೇಲೆ ಹುಯ್ದರೂ ಬೇರೆಯವರಿಗೆ ಆ ರುಚಿ ದಕ್ಕುವುದಿಲ್ಲ, ಅದು ಹುಯ್ಯುವವರ ಕೈಗುಣ. ಮೇಲ್ನೋಟಕ್ಕೆ ಇವು ಬೇರೆ ಬೇರೆ ವಿಷಯ. ಮೊದಲನೆಯದರಲ್ಲಿ ಇರುವುದು ತಿನ್ನುವವರ ಕೈ, ಎರಡನೆಯದರಲ್ಲಿ ಮಾಡುವವರ ಕೈ. ಆದರೆ ಎರಡರ ಬುಡದಲ್ಲೂ ಇರುವ ನಂಬಿಕೆ ಒಂದೇ: ಮನುಷ್ಯನ ಕೈಯಲ್ಲಿ ಸ್ಪರ್ಶವನ್ನು ರುಚಿಯನ್ನಾಗಿ ಮಾಡುವ ಏನೋ ಒಂದು ಇದೆ, ಐದು ಇಂದ್ರಿಯಗಳ ಪಟ್ಟಿಯಲ್ಲಿ ಸೇರದ ಒಂದು ಇಂದ್ರಿಯ. ಅಂಥ ಇಂದ್ರಿಯ ಕೈಯಲ್ಲಿಲ್ಲ ಎಂಬುದು ನನ್ನ ವಾದ. ಸ್ಪರ್ಶ ರುಚಿಯಾಗುವುದು ಮಾತ್ರ ನಿಜ. ಅದು ಎಲ್ಲಿ ಆಗುತ್ತದೆ ಎಂಬುದನ್ನು ನಾವು ತಪ್ಪಾಗಿ ಗುರುತಿಸಿದ್ದೇವೆ, ಆ ತಪ್ಪು ಊಟದ ಎಲೆಗಷ್ಟೇ ಸೀಮಿತವಾಗಿ ಉಳಿದಿಲ್ಲ.

ನಂಬಿಕೆಯನ್ನು ಖಂಡಿಸುವ ಮೊದಲು ಅದಕ್ಕಿರುವ ಬಲವನ್ನು ಒಪ್ಪಿಕೊಳ್ಳಬೇಕು. ಅದನ್ನು ಹೇಳುವವರ ಕೈಯಲ್ಲಿ ಮೂರು ಆಧಾರಗಳಿವೆ. (1) ಅನುಭವ: ಬಿಸಿ ಅನ್ನಕ್ಕೆ ಸಾರು ಕಲಸಿ ತುತ್ತು ಮಾಡಿ ತಿಂದದ್ದಕ್ಕೂ ಚಮಚದಲ್ಲಿ ಎತ್ತಿ ಬಾಯಿಗಿಟ್ಟದ್ದಕ್ಕೂ ವ್ಯತ್ಯಾಸ ಕಂಡವರು ಲಕ್ಷಾಂತರ ಮಂದಿ, ಇಷ್ಟು ಜನರ ಅನುಭವವನ್ನು ಭ್ರಮೆ ಎಂದು ತಳ್ಳಿಹಾಕುವುದು ಸುಲಭವೂ ಅಲ್ಲ, ಸರಿಯೂ ಅಲ್ಲ. (2) ನಾಲಗೆಯ ಉದಾಹರಣೆ: ನಾಲಗೆಯೂ ಚರ್ಮದ ಹಾಗೆ ಮುಟ್ಟಿಯೇ ತಿಳಿಯುತ್ತದೆ, ಕಣ್ಣು ಕಿವಿಗಳಂತೆ ದೂರದಿಂದಲ್ಲ, ಹಾಗಿರುವಾಗ ಮುಟ್ಟುವ ಇನ್ನೊಂದು ಅಂಗಕ್ಕೆ ರುಚಿ ತಿಳಿಯುವುದರಲ್ಲಿ ಅಸಂಗತವೇನು? (3) ಪ್ರಾಣಿಗಳು: ನೊಣವೂ ಚಿಟ್ಟೆಯೂ ಕಾಲಿನಿಂದಲೇ ರುಚಿ ನೋಡುತ್ತವೆ. ಐದು ಬೆರಳಿಗೆ ಐದು ಭೂತ ಎಂಬ ಇತ್ತೀಚೆಗೆ ಬಲು ಹರಿದಾಡುವ ವಿವರಣೆಯನ್ನು ನಾನು ಇಲ್ಲಿ ಸೇರಿಸಿಲ್ಲ. ಅದು ಆಧಾರವಲ್ಲ. ಹೆಬ್ಬೆರಳು ಅಗ್ನಿ ಎಂದರೆ ಹೆಬ್ಬೆರಳು ಕಳೆದುಕೊಂಡವರಿಗೆ ಯಾವ ರುಚಿ ಕಡಿಮೆಯಾಗಬೇಕು ಎಂಬ ಪ್ರಶ್ನೆಗೂ ಅದರಲ್ಲಿ ಉತ್ತರವಿಲ್ಲ.

ಮೂರನೆಯ ಆಧಾರದಿಂದ ಶುರುಮಾಡೋಣ. ಹರಿಹರದಲ್ಲಿ ತುಂಗಭದ್ರೆಯ ದಡಕ್ಕೆ ಹೋದರೆ ಆ ನೀರಿನಲ್ಲಿ ಮೀಸೆಯ ಮೀನುಗಳಿವೆ. ಈ ಜಾತಿಯ ಮೀನುಗಳಿಗೆ ರುಚಿಮೊಗ್ಗುಗಳು ಬಾಯಲ್ಲಷ್ಟೇ ಅಲ್ಲ, ಮೈಮೇಲೆಲ್ಲ ಇವೆ, ಮೀಸೆಯ ಮೇಲಂತೂ ದಟ್ಟವಾಗಿ. ಕದಡಿದ ನೀರಿನಲ್ಲಿ ಕಣ್ಣು ಕೆಲಸಕ್ಕೆ ಬಾರದಿದ್ದಾಗ ಮೀಸೆಯಿಂದ ತಡವಿ ತಿನ್ನುವ ವಸ್ತು ಯಾವುದು ಎಂದು ಅವು ಕಂಡುಕೊಳ್ಳುತ್ತವೆ. ಆಕ್ಟೋಪಸ್ಸಿನ ತೋಳಿನ ಬಟ್ಟಲುಗಳಲ್ಲಿ ಇಂಥದೇ ಗ್ರಾಹಕಗಳಿರುವುದನ್ನು 2020ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದ ನಿಕೊಲಸ್ ಬೆಲೊನೊ ಅವರ ತಂಡ ತೋರಿಸಿತು. ಆದ್ದರಿಂದ ಮುಟ್ಟಿ ರುಚಿ ತಿಳಿಯುವ ಅಂಗ ಲೋಕದಲ್ಲಿ ಇಲ್ಲವೇ ಇಲ್ಲ ಎನ್ನುವಂತಿಲ್ಲ. ಆದರೆ ಅಲ್ಲಿ ನಡೆಯುವುದನ್ನು ಸರಿಯಾಗಿ ನೋಡಬೇಕು. ಮೀನಿನ ಮೀಸೆಗೆ ರುಚಿ ಸಿಗುವುದು ನೀರಿನಲ್ಲಿ ಕರಗಿದ ಅಮೈನೊ ಆಮ್ಲದಿಂದ, ವಸ್ತು ನುಣುಪೋ ಒರಟೋ ಎಂಬುದರಿಂದಲ್ಲ. ಸ್ಪರ್ಶ ಅಲ್ಲಿ ಬಾಗಿಲಷ್ಟೇ, ಬಾಗಿಲಿನಿಂದ ಒಳಗೆ ಬರುವುದು ರಸಾಯನ. ನಾಲಗೆಯ ಸಕ್ಕರೆ ಉಪ್ಪಿನ ವಿಷಯವೂ ಅಷ್ಟೇ. ಮುಟ್ಟುವುದರ ಮೂಲಕ ರುಚಿ ತಿಳಿಯುವುದು ಒಂದು, ಮುಟ್ಟಿದ ಅನುಭವವೇ ರುಚಿಯಾಗುವುದು ಇನ್ನೊಂದು. ಎರಡನೆಯ ಆಧಾರ ನಿಂತಿರುವುದು ಇವೆರಡನ್ನು ಒಂದೆಂದು ತಿಳಿದದ್ದರಿಂದ. ನಮ್ಮಲ್ಲಿ ನ್ಯಾಯಸೂತ್ರದ ಮೂರನೆಯ ಅಧ್ಯಾಯದಲ್ಲಿ ಈ ಚರ್ಚೆ ಇನ್ನೂ ತೀಕ್ಷ್ಣವಾಗಿ ಬರುತ್ತದೆ. ಕಣ್ಣು, ಕಿವಿ, ನಾಲಗೆ ಎಲ್ಲದರ ಮೇಲೂ ಚರ್ಮ ಹಬ್ಬಿರುವುದರಿಂದ ಇರುವುದು ಚರ್ಮವೆಂಬ ಒಂದೇ ಇಂದ್ರಿಯ ಎಂದು ಪೂರ್ವಪಕ್ಷ. ಹಾಗಾದರೆ ಎಲ್ಲ ವಿಷಯಗಳೂ ಒಟ್ಟೊಟ್ಟಿಗೆ ತಿಳಿಯಬೇಕಿತ್ತು, ತಿಳಿಯುವುದಿಲ್ಲ ಎಂದು ಉತ್ತರ. ಒಂದು ಅಂಗ ಎಲ್ಲ ಕಡೆ ಇದೆ ಎಂದ ಮಾತ್ರಕ್ಕೆ ಎಲ್ಲ ಕೆಲಸವೂ ಅದರದೇ ಆಗುವುದಿಲ್ಲ.

ಇಲ್ಲಿ ಒಬ್ಬರು ಕೇಳಬಹುದು: ನಮ್ಮ ಬೆರಳಿನ ಚರ್ಮದಲ್ಲೂ ಮೀನಿನ ಮೀಸೆಯಲ್ಲಿರುವಂಥ ಗ್ರಾಹಕಗಳು ಇದ್ದರೆ? ಕುತೂಹಲದ ಸಂಗತಿಯೆಂದರೆ, ಸ್ವಲ್ಪ ಮಟ್ಟಿಗೆ ಇವೆ. ಕಹಿಯನ್ನು ಗುರುತಿಸುವ ಕೆಲವು ಪ್ರೋಟೀನುಗಳು ಮನುಷ್ಯನ ಚರ್ಮದ ಜೀವಕೋಶಗಳಲ್ಲೂ ಪತ್ತೆಯಾಗಿವೆ, ಶ್ವಾಸನಾಳದ ಸ್ನಾಯುಗಳಲ್ಲಿ ಅಂಥವು ಇರುವುದು 2010ರಲ್ಲೇ ಗೊತ್ತಾಯಿತು, ಕರುಳಿನಲ್ಲೂ ಇವೆ. ಆದರೂ ಹಾಗಲಕಾಯಿ ಹೆಚ್ಚುವವರ ಬೆರಳಿಗೆ ಕಹಿ ಎನಿಸುವುದಿಲ್ಲ. ಗ್ರಾಹಕ ಇದ್ದ ಕಡೆಯೆಲ್ಲ ರುಚಿ ಇರುವುದಿಲ್ಲ. ಅದು ಹೊತ್ತ ಸುದ್ದಿ ಯಾವ ನರದ ಮೂಲಕ ಎಲ್ಲಿಗೆ ಮುಟ್ಟುತ್ತದೆ, ಅಲ್ಲಿ ಬೇರೆ ಯಾವ ಸುದ್ದಿಯ ಜೊತೆ ಕೂಡುತ್ತದೆ ಎಂಬುದರ ಮೇಲೆ ಎಲ್ಲವೂ ನಿಂತಿದೆ.

ಇದಕ್ಕೆ ಬಲವಾದ ಸಾಕ್ಷಿ ದಾವಣಗೆರೆಯ ಮಂಡಕ್ಕಿ-ಮಿರ್ಚಿಯಲ್ಲೇ ಇದೆ. ಮಿರ್ಚಿಗೆ ಮೆಣಸಿನಕಾಯಿ ಸೀಳುವವರನ್ನು ಗಮನಿಸಿ. ಉದ್ದಕ್ಕೆ ಒಂದು ಗೀರು ಹಾಕಿ, ಹೆಬ್ಬೆರಳಿನಿಂದ ಒಳಗಿನ ಬಿಳಿ ತಿರುಳನ್ನೂ ಬೀಜವನ್ನೂ ಕೆರೆದು ತೆಗೆಯುತ್ತಾರೆ. ಬುಟ್ಟಿ ಖಾಲಿಯಾಗುವಷ್ಟರಲ್ಲಿ ಉಗುರಿನ ಸಂದಿ ಉರಿಯತೊಡಗುತ್ತದೆ, ನೀರಿನಲ್ಲಿ ತೊಳೆದರೆ ಹೋಗದು, ಎಣ್ಣೆ ಸವರಿದರೆ ತುಸು ಇಳಿಯುತ್ತದೆ. ಉರಿಗೆ ಕಾರಣ ಕ್ಯಾಪ್ಸೈಸಿನ್. ಅದು ಎಣ್ಣೆಯಲ್ಲಿ ಕರಗುತ್ತದೆ, ನೀರಿನಲ್ಲಿ ಸರಿಯಾಗಿ ಕರಗುವುದಿಲ್ಲ. 1997ರಲ್ಲಿ ಡೇವಿಡ್ ಜೂಲಿಯಸ್ ಅವರ ತಂಡ ಈ ಕ್ಯಾಪ್ಸೈಸಿನ್ ಅಂಟಿಕೊಳ್ಳುವ ಪ್ರೋಟೀನನ್ನು ಗುರುತಿಸಿತು. ಸುಮಾರು 43 ಡಿಗ್ರಿ ಸೆಲ್ಸಿಯಸ್‌ಗಿಂತ ಹೆಚ್ಚಿನ ಶಾಖಕ್ಕೆ ತೆರೆದುಕೊಳ್ಳುವುದೂ ಅದೇ ಪ್ರೋಟೀನು. ಈ ಕೆಲಸಕ್ಕಾಗಿ, ಒತ್ತಡದ ಸ್ಪರ್ಶದ ಗ್ರಾಹಕವನ್ನು ಕಂಡುಹಿಡಿದ ಆರ್ಡೆಮ್ ಪಟಪೂಟಿಯನ್ ಅವರ ಜೊತೆ, ಜೂಲಿಯಸ್ ಅವರಿಗೆ 2021ರ ನೊಬೆಲ್ ಬಹುಮಾನ ಬಂತು. ನಮ್ಮ ವಾದಕ್ಕೆ ಮುಖ್ಯವಾದದ್ದು ಇಷ್ಟು: ಮೆಣಸಿನಕಾಯಿ ಸೀಳಿದವರ ಬೆರಳಲ್ಲಿ ಕೆಲಸ ಮಾಡಿದ ಪ್ರೋಟೀನೂ ಅದೇ ಮಿರ್ಚಿ ಕಚ್ಚಿದವರ ನಾಲಗೆಯಲ್ಲಿ ಕೆಲಸ ಮಾಡಿದ ಪ್ರೋಟೀನೂ ಒಂದೇ. ನಾಲಗೆಯಿಂದ ಖಾರದ ಸುದ್ದಿ ಒಯ್ಯುವುದು ರುಚಿಯ ನರವಲ್ಲ, ಮುಖದ ಸ್ಪರ್ಶ, ಶಾಖ, ನೋವುಗಳ ಸುದ್ದಿ ಒಯ್ಯುವ ಟ್ರೈಜೆಮಿನಲ್ ನರ. ಆದರೆ ಸೀಳಿದವರು ಕೈ ಉರಿಯುತ್ತದೆ ಎನ್ನುತ್ತಾರೆ, ಕಚ್ಚಿದವರು ರುಚಿಯಾಗಿದೆ ಎನ್ನುತ್ತಾರೆ. ಸ್ಪರ್ಶವನ್ನು ರುಚಿಯಾಗಿಸುವ ಶಕ್ತಿ ಬೆರಳಿನಲ್ಲಿ ಇದ್ದಿದ್ದರೆ ಅದು ಮೊದಲು ಕಾಣಿಸಬೇಕಿದ್ದದ್ದು ಇಲ್ಲಿ. ಇಷ್ಟು ಅನುಕೂಲದ ಸಂದರ್ಭದಲ್ಲೂ ಬೆರಳು ರುಚಿಯ ಸುದ್ದಿ ಎತ್ತುವುದಿಲ್ಲ.

ಹಾಗಾದರೆ ಖಾರ ರುಚಿಯೇ ಅಲ್ಲ, ನೋವು ಎಂದು ವಿಜ್ಞಾನ ಸಾಬೀತು ಮಾಡಿದೆ, ಷಡ್ರಸದ ಲೆಕ್ಕ ಹಾಕಿದವರು ತಪ್ಪಿದರು ಎಂದು ಹೇಳುವವರಿದ್ದಾರೆ. ಇದು ಎದುರು ದಿಕ್ಕಿನ ಗೊಂದಲ. ಹಳಬರಿಗೆ ಈ ತೊಡಕು ಗೊತ್ತಿತ್ತು. ಚರಕ ಸಂಹಿತೆಯ ಸೂತ್ರಸ್ಥಾನದ 26ನೆಯ ಅಧ್ಯಾಯದಲ್ಲಿ ಋಷಿಗಳ ಸಭೆಯೊಂದು ರಸಗಳು ಎಷ್ಟು ಎಂದು ವಾದಿಸುತ್ತದೆ: ಒಂದು ಎನ್ನುವವರಿಂದ ಹಿಡಿದು ಲೆಕ್ಕವಿಲ್ಲದಷ್ಟು ಎನ್ನುವವರ ತನಕ. ಆತ್ರೇಯ ಆರು ಎಂದು ತೀರ್ಮಾನಿಸುವಾಗ ಏಳನೆಯದಾಗಿ ಬಂದ ಕ್ಷಾರವನ್ನು ಕೈಬಿಡುತ್ತಾನೆ. ಅದು ರಸವಲ್ಲ ದ್ರವ್ಯ, ತಯಾರಿಸಿದ್ದು, ಅದರಲ್ಲಿ ಒಂದಕ್ಕಿಂತ ಹೆಚ್ಚು ಇಂದ್ರಿಯಗಳ ವಿಷಯ ಬೆರೆತಿದೆ ಎಂಬುದು ಅವನು ಕೊಡುವ ಕಾರಣಗಳು. ಕೊನೆಯ ಕಾರಣವನ್ನು ಅದೇ ಅಧ್ಯಾಯ ಕಟುವಿಗೆ, ಅಂದರೆ ಖಾರಕ್ಕೆ, ಕೊಡುವ ಲಕ್ಷಣದ ಪಕ್ಕದಲ್ಲಿಟ್ಟು ನೋಡಬೇಕು. ಕಟು ನಾಲಗೆಯನ್ನು ಚುಚ್ಚುತ್ತದೆ, ಸುಡುತ್ತದೆ, ಬಾಯಿ, ಮೂಗು, ಕಣ್ಣುಗಳಲ್ಲಿ ನೀರು ತರಿಸುತ್ತದೆ ಎಂದಿದೆ. ಒಗರು ನಾಲಗೆಯನ್ನು ಒಣಗಿಸಿ ಮರಗಟ್ಟಿಸುತ್ತದೆ, ಗಂಟಲು ಕಟ್ಟಿಸುತ್ತದೆ. ಇವು ಸ್ಪರ್ಶದ ವರ್ಣನೆಗಳು. ಚರಕನ ಕಾಲದಲ್ಲಿ ಮೆಣಸಿನಕಾಯಿ ಭಾರತಕ್ಕೆ ಬಂದೇ ಇರಲಿಲ್ಲ. ಅವನ ಕಟು ಎಂದರೆ ಕರಿಮೆಣಸು, ಹಿಪ್ಪಲಿ, ಶುಂಠಿ, ಆದರೆ ಕರಿಮೆಣಸಿನ ಸಾರವೂ ತಟ್ಟುವುದು ಅದೇ ಪ್ರೋಟೀನನ್ನೇ. ಕ್ಷಾರವನ್ನು ಹೊರಗಿಟ್ಟ ಅಳತೆಯನ್ನು ಕಟ್ಟುನಿಟ್ಟಾಗಿ ಹಿಡಿದಿದ್ದರೆ ಕಟುವೂ ಒಗರೂ ಹೊರಗೆ ಹೋಗಬೇಕಿತ್ತು. ಹೋಗಲಿಲ್ಲ. ಇದನ್ನು ನಾನು ಅಜಾಗರೂಕತೆ ಎನ್ನಲಾರೆ. ಆ ಪಟ್ಟಿ ಗ್ರಾಹಕಗಳ ಪಟ್ಟಿಯಲ್ಲ, ಬಾಯಿಗೆ ಅನ್ನ ಬಿದ್ದಾಗ ತಿನ್ನುವವರಿಗೆ ಏನೇನು ರುಚಿಯಾಗಿ ತೋರುತ್ತದೆ ಎಂಬುದರ ಪಟ್ಟಿ. ಆ ಕೆಲಸವನ್ನು ಅದು ಸರಿಯಾಗಿಯೇ ಮಾಡಿದೆ.

ಬಾಯಿಯೊಳಗೆ ಸ್ಪರ್ಶ ರುಚಿಯಾಗುವುದಕ್ಕೆ ಪ್ರಯೋಗದ ಸಾಕ್ಷಿಯೂ ಇದೆ. 2000ದಲ್ಲಿ ಅಮೆರಿಕದ ಕ್ರೂಜ್ ಮತ್ತು ಗ್ರೀನ್ ಎಂಬ ಸಂಶೋಧಕರು ನಾಲಗೆಯ ತುದಿಗೆ ಏನನ್ನೂ ಸವರದೆ ಬರೀ ಬೆಚ್ಚಗೆ ಮಾಡಿದರು. ಕೆಲವರಿಗೆ ಸಿಹಿ ಎನಿಸಿತು. ತಂಪು ಮಾಡಿದಾಗ ಹುಳಿ ಅಥವಾ ಉಪ್ಪು. 1991ರಲ್ಲಿ ಟಾಡ್ರಂಕ್ ಮತ್ತು ಬಾರ್ಟೊಶುಕ್ ತೋರಿಸಿದ್ದು ಇನ್ನೂ ವಿಶೇಷ: ರುಚಿಯ ದ್ರಾವಣ ಅದ್ದಿದ ಹತ್ತಿಕಡ್ಡಿಯನ್ನು ನಾಲಗೆಯ ಮೇಲೆ ಎಳೆದರೆ, ರುಚಿಮೊಗ್ಗು ವಿರಳವಾಗಿರುವ ಜಾಗದಲ್ಲೂ ಕಡ್ಡಿ ಮುಟ್ಟಿದಲ್ಲೇ ರುಚಿ ಇದ್ದಂತೆ ಅನಿಸುತ್ತದೆ. ರುಚಿ ಎಲ್ಲಿದೆ ಎಂದು ತೀರ್ಮಾನಿಸುವುದು ಸ್ಪರ್ಶ. ಇದಕ್ಕೆ ಪ್ರಯೋಗಾಲಯವೇ ಬೇಕೆಂದಿಲ್ಲ. ಭಟ್ಟಿಯಿಂದ ಬಂದ ಗರಿ ಮಂಡಕ್ಕಿಗೆ ಒಗ್ಗರಣೆ ಹಾಕಿ, ಅರ್ಧವನ್ನು ಈಗಲೇ ತಿನ್ನಿ, ಉಳಿದರ್ಧವನ್ನು ಮಳೆಗಾಲದ ಗಾಳಿಗೆ ಒಂದು ಸಂಜೆ ತೆರೆದಿಡಿ. ಉಪ್ಪು ಅಷ್ಟೇ ಇದೆ, ಖಾರ ಅಷ್ಟೇ ಇದೆ, ಎಣ್ಣೆ ಅಷ್ಟೇ ಇದೆ; ಹೋದದ್ದು ಗರಿಮುರಿ ಮಾತ್ರ. ಆದರೆ ಬಾಯಿಗೆ ಹಾಕಿದವರು ಮಂಡಕ್ಕಿಯ ಗಟ್ಟಿತನ ಕಡಿಮೆಯಾಗಿದೆ ಎನ್ನುವುದಿಲ್ಲ, ರುಚಿ ಹೋಗಿದೆ ಎನ್ನುತ್ತಾರೆ, ನಿಜವಾಗಿಯೂ ಹಾಗೆಯೇ ಅನಿಸುತ್ತದೆ. ಹರಿಹರದ ಹರಿಹರೇಶ್ವರನ ಮೂರ್ತಿಯಲ್ಲಿ ಶಿವನ ಅರ್ಧ ಯಾವುದು, ವಿಷ್ಣುವಿನ ಅರ್ಧ ಯಾವುದು ಎಂದು ಬೆರಳಿಟ್ಟು ತೋರಿಸಬಹುದು. ಬಾಯಿಯೊಳಗೆ ಸ್ಪರ್ಶ ಮತ್ತು ರಸ ಕೂಡಿದ ಮೇಲೆ ಹಾಗೆ ಬೆರಳಿಟ್ಟು ತೋರಿಸಲು ಬರುವುದಿಲ್ಲ, ಗೆರೆಯೇ ಉಳಿದಿರುವುದಿಲ್ಲ. ಇದಕ್ಕೆಂದು ಪ್ರತ್ಯೇಕ ಅಂಗವೊಂದು ಬೇಕಿಲ್ಲ. ಬಾಯಿ, ಮೂಗಿನ ಹಿಂಬದಿ, ಅಗಿಯುವ ದವಡೆ ಇವುಗಳ ಸುದ್ದಿಯೆಲ್ಲ ಒಂದೇ ಹೊತ್ತಿಗೆ, ಒಂದೇ ತುತ್ತಿನ ಬಗ್ಗೆ ಬಂದು ಸೇರುವುದೇ ಸಾಕು.

ಮೊದಲ ಆಧಾರ, ಅಂದರೆ ಅನುಭವ, ಇನ್ನೂ ಬಾಕಿ ಇದೆ. ಕೈಯಲ್ಲಿ ತಿಂದರೆ ರುಚಿ ಹೆಚ್ಚೆನ್ನುವುದು ಸುಳ್ಳಲ್ಲ. ಕೈಗೆ ದೊಡ್ಡ ಸಾಮರ್ಥ್ಯವಿದೆ: 2013ರಲ್ಲಿ ಸ್ವೀಡನ್ನಿನ ಸಂಶೋಧಕರು ಬೆರಳು 13 ನ್ಯಾನೊಮೀಟರಿನಷ್ಟು ಸಣ್ಣ ಏರಿಳಿತವನ್ನೂ ನುಣುಪು ಮೇಲ್ಮೈಯಿಂದ ಬೇರೆಮಾಡಿ ತಿಳಿಯಬಲ್ಲದು ಎಂದು ಕಂಡರು. ಅರಳೆಯ ಎಳೆಯನ್ನು ಬೆರಳ ನಡುವೆ ಎಳೆದು ದರ್ಜೆ ಹೇಳುತ್ತಿದ್ದವರ ಊರು ದಾವಣಗೆರೆ, ಲೇತ್ ಯಂತ್ರಗಳನ್ನು ಮಾಡಿದ ಊರು ಹರಿಹರ. ಕೈಗೆ ಏನೇನು ಗೊತ್ತಾಗುತ್ತದೆ ಎಂದು ಈ ಎರಡು ಊರುಗಳಿಗೆ ಯಾರೂ ಹೇಳಿಕೊಡಬೇಕಿಲ್ಲ. ದೋಸೆಯ ಅಂಚು ಬೆರಳಿಗೆ ಮುರಿಯುವ ಬಗೆ, ನಡುವಿನ ಮೆತ್ತನೆ, ಬೆಣ್ಣೆಯ ಜಾರು, ಶಾಖ ಇವೆಲ್ಲ ತುತ್ತು ಬಾಯಿಗೆ ಹೋಗುವ ಮೊದಲೇ ತಿಳಿದಿರುತ್ತವೆ. ಬಾಯಿ ಅದಕ್ಕೆ ಸಿದ್ಧವಾಗುತ್ತದೆ. ಹುಳಿ ಹಣ್ಣು ಕಂಡ ಮಾತ್ರಕ್ಕೆ ಬಾಯಲ್ಲಿ ನೀರೂರುವುದನ್ನು ನೈಯಾಯಿಕರು ಚರ್ಚಿಸಿದ್ದಾರೆ. ಅಲ್ಲಿ ಕಣ್ಣು ಹುಳಿಯನ್ನು ತಿಳಿದಿಲ್ಲ, ಕಂಡದ್ದು ಹಿಂದೆ ಉಂಡ ಹುಳಿಯನ್ನು ನೆನಪಿಗೆ ತಂದಿದೆ. ಬೆರಳು ಮಾಡುವುದೂ ಇಷ್ಟೇ, ಇದೇನೂ ಸಣ್ಣದಲ್ಲ. ಕೈಯಲ್ಲಿ ತಿನ್ನುವ ಅಭ್ಯಾಸವನ್ನು ಸಮರ್ಥಿಸಲು ಇಷ್ಟು ಸಾಕು, ಇಲ್ಲದ ಇಂದ್ರಿಯವನ್ನು ತರಬೇಕಿಲ್ಲ. ಸ್ಪರ್ಶವನ್ನೂ ರುಚಿಯನ್ನೂ ಹುಟ್ಟಿನಿಂದಲೇ ಬೆರೆಸಿ ಅನುಭವಿಸುವ ಕೆಲವರು ಇದ್ದಾರಲ್ಲ ಎಂದರೆ, ಹೌದು, ಅಪರೂಪಕ್ಕೆ ಇದ್ದಾರೆ, ಆದರೆ ಅವರಲ್ಲೂ ಆ ಬೆರಕೆ ನಡೆಯುವುದು ಮೆದುಳಿನಲ್ಲಿ. ಅವರ ಬೆರಳಿನ ರಚನೆಯಲ್ಲಿ ವಿಶೇಷವೇನೂ ಇಲ್ಲ.

ಇನ್ನು ಮಾಡುವವರ ಕೈ. ಕೈಗುಣ ಎಂಬುದರಲ್ಲಿ ಕೌಶಲ ಎಷ್ಟಿದೆಯೋ ಅಷ್ಟೂ ನಿಜ: ಚಿಟಿಕೆಯ ಅಳತೆ, ಹಂಚು ಕಾದದ್ದನ್ನು ನೀರು ಚಿಮುಕಿಸಿ ತಿಳಿಯುವುದು, ಹಿಟ್ಟು ಎಷ್ಟು ತೆಳುವಾಗಿರಬೇಕೆಂದು ಕೈಯಾಡಿಸಿ ಅರಿಯುವುದು. ಇವನ್ನು ಕಲಿಯಬಹುದು, ಕಲಿಸಬಹುದು. ಹಿಟ್ಟನ್ನು ಕೈಯಲ್ಲೇ ಕಲಸಿದರೆ ಚೆನ್ನಾಗಿ ಹುದುಗುತ್ತದೆ, ಆದ್ದರಿಂದ ಕೈಯ ಅಂಶ ಹಿಟ್ಟಿಗೆ ಇಳಿದೇ ಇಳಿಯುತ್ತದೆ ಎಂಬ ಆಕ್ಷೇಪ ಬರುತ್ತದೆ. ಹುದುಗಿಸುವ ಮುಖ್ಯ ಬ್ಯಾಕ್ಟೀರಿಯಾ ಉದ್ದಿನ ಬೇಳೆಯ ಜೊತೆಗೇ ಬರುತ್ತವೆ. ಕೈ ಕೆಲವನ್ನು ಸೇರಿಸಿದರೂ ಅದು ಒಂದು ಚಿಟಿಕೆ ಉಪ್ಪು ಸೇರಿಸಿದಂಥದೇ ಘಟನೆ, ಯಾವ ಕೈಯೆಂಬ ಹೆಸರು ಅದರ ಮೇಲೆ ಬರೆದಿರುವುದಿಲ್ಲ. ಇಲ್ಲಿ ಒಂದು ಪರೀಕ್ಷೆ ಸಾಧ್ಯ: ಯಾರು ಮಾಡಿದರು ಎಂದು ತಿಳಿಸದೆ ಬಡಿಸಿದಾಗಲೂ ವ್ಯತ್ಯಾಸ ಉಳಿದರೆ ಅದು ದೋಸೆಯದು. ತಿಳಿಸಿದಾಗ ಮಾತ್ರ ಕಾಣಿಸಿಕೊಂಡರೆ ಅದು ತಿಳಿವಳಿಕೆಯದು. ಗರಿಮುರಿ, ಶಾಖ, ಖಾರ ಈ ಪರೀಕ್ಷೆಯನ್ನು ಕಣ್ಣು ಮುಚ್ಚಿಯೂ ಗೆಲ್ಲುತ್ತವೆ.

ಈ ಪರೀಕ್ಷೆಯಲ್ಲಿ ಸೋಲುವ ನಂಬಿಕೆಯೊಂದಿದೆ, ಅದರಿಂದಾಗಿಯೇ ಈ ವಿಷಯ ಅಡುಗೆಮನೆಯ ಹರಟೆಯಾಗಿ ಉಳಿಯಲಾರದು. ಕೈಯಿಂದ ಒಳ್ಳೆಯದೊಂದು ಅನ್ನಕ್ಕೆ ಇಳಿಯುತ್ತದೆ ಎಂದು ಒಪ್ಪಿದವರು, ಇನ್ನೊಂದು ಕೈಯಿಂದ ಕೆಟ್ಟದ್ದು ಇಳಿಯುತ್ತದೆ ಎಂಬುದಕ್ಕೆ ಅರ್ಧ ಒಪ್ಪಿದಂತೆಯೇ. ಅಸ್ಪೃಶ್ಯತೆ ನಿಂತಿದ್ದ ತರ್ಕ ಇದು: ಮುಟ್ಟಿದ ಮಾತ್ರಕ್ಕೆ ನೀರು, ಅನ್ನ ಬದಲಾಗುತ್ತದೆ. 1938ರಲ್ಲಿ ಹರಿಹರದಲ್ಲಿ ಹುಟ್ಟಿದ ಪ್ರೊ. ಬಿ. ಕೃಷ್ಣಪ್ಪ ಎಪ್ಪತ್ತರ ದಶಕದಲ್ಲಿ ಕಟ್ಟಿ ಬೆಳೆಸಿದ ದಲಿತ ಸಂಘರ್ಷ ಸಮಿತಿ ಎದುರಿಸಿದ ಆಚರಣೆಗಳಲ್ಲಿ ಹೋಟೆಲಿನ ಬೇರೆ ಲೋಟವೂ ಒಂದು. ಕಾನೂನು 1955ರಲ್ಲೇ ಇಂಥದ್ದನ್ನು ಅಪರಾಧ ಎಂದಿತ್ತು. ಅಕ್ಷರ ದಾಸೋಹದ ಅಡುಗೆಗೆ ದಲಿತ ಮಹಿಳೆಯನ್ನು ನೇಮಿಸಿದಾಗ ಮಕ್ಕಳನ್ನು ಊಟಕ್ಕೆ ಕೂರಿಸದ ಸುದ್ದಿ ಈ ಶತಮಾನದಲ್ಲೂ ಕರ್ನಾಟಕದಲ್ಲಿ ಮತ್ತೆ ಮತ್ತೆ ಬಂದಿದೆ. ಅಲ್ಲಿ ಹಿರಿಯರು ಹೇಳುವ ಕಾರಣ ಹಲವು ಸಲ ಜಾತಿಯ ಹೆಸರಿನಲ್ಲಿ ಇರುವುದಿಲ್ಲ. ಅಡುಗೆ ಸೇರುವುದಿಲ್ಲ, ರುಚಿ ಇಲ್ಲ ಎಂದಿರುತ್ತದೆ. ಹೊಲದಲ್ಲಿ ಬೆಳೆದವರ, ಗಿರಣಿಯಲ್ಲಿ ಅರೆದವರ, ಲಾರಿಯಲ್ಲಿ ತಂದವರ ಕೈ ದಾಟಿ ಬಂದ ಅಕ್ಕಿ ಕೊನೆಯ ಒಂದು ಕೈಯಲ್ಲಿ ಮಾತ್ರ ರುಚಿ ಕಳೆದುಕೊಳ್ಳುವುದು ಹೇಗೆ ಎಂದು ಅವರು ಹೇಳಲಾರರು.

ಅದಕ್ಕೆ ಬರುವ ಆಕ್ಷೇಪ ಗಟ್ಟಿಯಾದದ್ದು, ಅದನ್ನು ತಪ್ಪಿಸಿಕೊಂಡು ಹೋಗುವಂತಿಲ್ಲ: ತಿನ್ನುವವರಿಗೆ ವಾಕರಿಕೆ ನಿಜವಾಗಿ ಬಂದರೆ? ಗರಿಮುರಿ ರುಚಿಯಾಗುವುದನ್ನು ನಿಜವೆಂದು ಒಪ್ಪಿದವರು ಇದನ್ನು ಸುಳ್ಳೆನ್ನುವುದು ಹೇಗೆ? ನಾನು ಅದನ್ನು ಸುಳ್ಳೆನ್ನುವುದಿಲ್ಲ. 1986ರಲ್ಲಿ ಪಾಲ್ ರೋಜಿನ್ ಮತ್ತು ಜೊತೆಗಾರರು ಅಮೆರಿಕದಲ್ಲಿ ತೋರಿಸಿದ ಹಾಗೆ, ತಮಗೆ ಆಗದವರು ಒಮ್ಮೆ ತೊಟ್ಟ ಅಂಗಿಯನ್ನು ಚೆನ್ನಾಗಿ ಒಗೆದು ಕೊಟ್ಟರೂ ಜನ ಹಿಂಜರಿಯುತ್ತಾರೆ. ಮುಟ್ಟಿದ್ದು ಅಂಟಿಕೊಳ್ಳುತ್ತದೆ ಎಂಬ ಭಾವ ಮನುಷ್ಯರಲ್ಲಿ ಎಲ್ಲೆಡೆ ಇದೆ. ಆದರೆ ಅದೇ ರೋಜಿನ್ ಮತ್ತಿತರರ ಇನ್ನೊಂದು ಅಧ್ಯಯನದಲ್ಲಿ ಚಿಕ್ಕ ಮಕ್ಕಳಲ್ಲಿ ಅದು ಕಾಣಲಿಲ್ಲ. ಅಸಹ್ಯದ ವಸ್ತುವನ್ನು ತೆಗೆದುಬಿಟ್ಟರೆ ಅದೇ ಪಾನೀಯವನ್ನು ಅವರು ಕುಡಿಯಬಲ್ಲರು, ದೊಡ್ಡವರಾಗುತ್ತ ಬಿಡುತ್ತಾರೆ. ಅಂದರೆ ಯಾವುದಕ್ಕೆ ವಾಕರಿಸಬೇಕು ಎಂಬುದನ್ನು ಕಲಿಯುತ್ತಾರೆ. ಮಂಡಕ್ಕಿಯ ಗರಿಮುರಿ ಮಂಡಕ್ಕಿಯಲ್ಲಿದೆ, ಅದನ್ನು ಬಾಯಿ ಪ್ರತಿ ಸಲವೂ ತಾಳೆ ನೋಡಬಲ್ಲದು. ಬಡಿಸಿದವರ ಜಾತಿ ಅನ್ನದಲ್ಲಿ ಎಲ್ಲೂ ಇಲ್ಲ, ತಾಳೆ ನೋಡಲು ಬಾಯಿಗೆ ಏನೂ ಸಿಗುವುದಿಲ್ಲ. ದೂರದಲ್ಲಿ ಗಂಧದ ಕೊರಡನ್ನು ಕಂಡು ಪರಿಮಳವಿದೆ ಎಂದಾಗ, ಕೊರಡು ಕಂಡದ್ದು ಪ್ರತ್ಯಕ್ಷ, ಪರಿಮಳ ಪ್ರತ್ಯಕ್ಷವಲ್ಲ ಎಂದು ಧರ್ಮರಾಜಾಧ್ವರೀಂದ್ರರ ವೇದಾಂತ ಪರಿಭಾಷೆ ಬಿಡಿಸುತ್ತದೆ. ಗಂಧವಾದರೆ ಹತ್ತಿರ ಹೋಗಿ ಮೂಸಿ ನೋಡಬಹುದು. ಜಾತಿಯ ವಿಷಯದಲ್ಲಿ ಎಷ್ಟು ಹತ್ತಿರ ಹೋದರೂ ಮೂಸಲು ಏನೂ ಇಲ್ಲ. ಆದ್ದರಿಂದ ಅಡುಗೆ ಸೇರುವುದಿಲ್ಲ ಎಂಬ ಮಾತು ಆ ಅಡುಗೆಯ ಬಗ್ಗೆ ಕೊಟ್ಟ ಸಾಕ್ಷಿಯಲ್ಲ, ಹೇಳುವವರು ಏನನ್ನು ಕಲಿತು ಬಂದಿದ್ದಾರೆ ಎಂಬುದರ ಸಾಕ್ಷಿ.

ಕಲಿತದ್ದು ಕಳಚುತ್ತದೆಯೇ? ಖಾರವೇ ಉತ್ತರ ಕೊಡುತ್ತದೆ. ಎಳೆಯ ಮಗುವಿನ ಬಾಯಿಗೆ ಖಾರ ತಾಗಿದರೆ ಅಳುತ್ತದೆ. ಅದಕ್ಕೆ ಅದು ಉರಿ, ಇನ್ನೂ ರುಚಿಯಲ್ಲ. ಮೆಕ್ಸಿಕೊದ ಹಳ್ಳಿಯೊಂದರಲ್ಲಿ ನಡೆಸಿ 1980ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ರೋಜಿನ್ ಮತ್ತು ಶಿಲ್ಲರ್ ಕಂಡದ್ದು, ಮಕ್ಕಳು ಐದರಿಂದ ಎಂಟನೆಯ ವಯಸ್ಸಿನೊಳಗೆ ಖಾರವನ್ನು ಇಷ್ಟಪಡತೊಡಗುತ್ತಾರೆ ಎಂಬುದು. ಯಾರೂ ಬಲವಂತ ಮಾಡಿರುವುದಿಲ್ಲ, ಮನೆಯವರೆಲ್ಲ ತಿನ್ನುವುದನ್ನು ನೋಡುತ್ತ ಸ್ವಲ್ಪ ಸ್ವಲ್ಪವೇ ತಿಂದಿರುತ್ತಾರೆ. ಒಂದನೆಯ ತರಗತಿಯ ಮಗು ಶಾಲೆಯ ಊಟದ ಸಾಲಿನಲ್ಲಿ ಕೂರುವುದೂ ಸರಿಸುಮಾರು ಆ ವಯಸ್ಸಿನಲ್ಲೇ. ಅಲ್ಲಿ ಬಡಿಸಿದ್ದನ್ನು ದಿನವೂ ತಿಂದ ಮಗುವಿನ ನಾಲಗೆ ಅನ್ನ, ಸಾರು, ಉಪ್ಪು, ಹುಳಿಗಳ ಬಗ್ಗೆ ತನ್ನ ತೀರ್ಮಾನವನ್ನು ತಾನೇ ಮಾಡಿಕೊಳ್ಳುತ್ತದೆ. ಮಗುವನ್ನು ಸಾಲಿನಿಂದ ಎಬ್ಬಿಸಿ ಮನೆಗೆ ಕರೆದೊಯ್ಯುವ ಹಿರಿಯರು ತಡೆಯುವುದು 'ರುಚಿ ಇಲ್ಲ' ಎಂಬ ತಮ್ಮ ಮಾತನ್ನು ಪರೀಕ್ಷಿಸಬಹುದಾಗಿದ್ದ ಆ ಒಂದು ತುತ್ತನ್ನು.